ಇಳಿಸೋದು ಯಾರಿಗೆ ಬರುತ್ತೆ

ಅಳತೆ ಹೇಳಿದೆ. ಎಷ್ಟು ಜನ, ಎಷ್ಟು ದಿನ ಎಂದೂ ಹೇಳಿದೆ.
ನುವಾಕ್‌ಶೋತ್ ಪೇಟೆಯ ಡೇರೆ ಹೊಲಿಯುವವರ ಸಾಲಿನಲ್ಲಿ
ಮೆಕ್ಫೂಲಾ ತಲೆಯೆತ್ತಲಿಲ್ಲ.
ತುಟಿಯಲ್ಲಿದ್ದ ಸೂಜಿ ತೆಗೆದು, ದಾರ ಹಲ್ಲಲ್ಲಿ ಕಡಿದು,
'ಇಳಿಸೋದು ಯಾರಿಗೆ ಬರುತ್ತೆ?' ಅಂದಳು.

ನಾನು ಮಿಡತೆ ಇಲಾಖೆಯವನು, ಹೊಸಬ.
ಇಪ್ಪತ್ತಾರು ದಿನ ಅದ್ರಾರಿನ ಆಚೆ ಅಲೆದು
ಎಲ್ಲಿ ಚಿಗುರು, ಎಲ್ಲಿ ಮೊಟ್ಟೆ, ಎಲ್ಲಿ ರೆಕ್ಕೆ ಬಾರದ ಮರಿ
ಎಂದು ಬರೆದುಕೊಂಡು ಬರುವ ಕೆಲಸ.
ಇಳಿಸುವುದೆಂದರೆ ಮಡಚಿ ಗಾಡಿಗೆ ತುಂಬುವುದು ತಾನೆ?
ನಕ್ಕೆ. ಅವಳು ನಗಲಿಲ್ಲ.

ಪಕ್ಕದಂಗಡಿಯಲ್ಲಿ ಕಿತ್ತಳೆ ಬಣ್ಣದ ನೈಲಾನ್ ಗುಮ್ಮಟವಿತ್ತು,
ಕೊಡೆಯ ಹಾಗೆ ಚಟ್ಟನೆ ಬಿಚ್ಚಿಕೊಳ್ಳುವಂಥದು.
ನಿಜ ಹೇಳಬೇಕೆಂದರೆ ನನ್ನ ಕಣ್ಣು ಅದರ ಮೇಲೇ.
ಡ್ರೈವರ್ ದೆದ್ದಾಹ್ ಕಿವಿಯಾನಿಸಿ ಬೆರಳಲ್ಲಿ ತಟ್ಟಿದ,
ಕಲ್ಲಂಗಡಿ ತಟ್ಟಿ ನೋಡುವ ಹಾಗೆ.
'ರಾತ್ರಿಯೆಲ್ಲ ಮಾತಾಡುತ್ತೆ ಇದು. ನಿದ್ದೆ ಬರಲ್ಲ.'

ಹಾಗಾಗಿ ಕೊಂಡದ್ದು ಮೆಕ್ಫೂಲಾಳ ಬಿಳಿ ಹತ್ತಿಯದು;
ಒಳಮೈಗೆಲ್ಲ ಕೆಂಪು ಹಸಿರು ತೇಪೆಗಳ ಬಳ್ಳಿ,
ಹೊರಗಿನವರಿಗೆ ಕಾಣದ ಜಂಬ.
ತಲೆಗೆ ತಲೆ ಕೊಟ್ಟು ನಿಲ್ಲುವ ಎರಡು ಕಂಬ.
ಹನ್ನೆರಡು ಗೂಟ: ಹನ್ನೊಂದು ಕಬ್ಬಿಣದ್ದು,
ಒಂದು ಜಾಲಿಯದು, ದೆದ್ದಾಹ್‌ನ ತಾಯಿಯದು.
ಎಷ್ಟೋ ವರ್ಷ ಏಟು ತಿಂದು ಅದರ ತಲೆ ಅಣಬೆಯಾಗಿತ್ತು.

ವದಾನ್ ದಾಟಿ ನಾಲ್ಕನೆಯ ಸಂಜೆ
ಒಣ ಹೊಳೆಯ ಪಾತ್ರ ತೋರಿಸಿದೆ. ಮೆತ್ತಗಿತ್ತು, ಸಮನಾಗಿತ್ತು.
'ಎಲ್ಲೋ ಕಾಣದ ಕಡೆ ಮಳೆ ಬಿದ್ದರೆ
ನೀರೂ ಮಲಗೋಕೆ ಇಲ್ಲಿಗೇ ಬರುತ್ತೆ.'
ಜಾಲಿಮರದ ಬುಡ ತೋರಿಸಿದೆ.
'ನಮಗಿಂತ ಮುಂಚೆ ಒಂಟೆ ಮಲಗಿವೆ. ಉಣ್ಣಿ ಕಾಯ್ತಾ ಇವೆ.'
ಮರಳುದಿಬ್ಬದ ನೆತ್ತಿ, ಅಲ್ಲಿಂದ ನೋಟ ಚೆಂದ, ಅಂದೆ.
ಅದಕ್ಕೆ ಅವನು ಉತ್ತರವನ್ನೇ ಕೊಡಲಿಲ್ಲ.

ಹರಳುಗಲ್ಲಿನ ಬಯಲೊಂದು ಸಿಕ್ಕಿದ ಮೇಲೆ
ಒಂದು ಹಿಡಿ ಮರಳು ತೂರಿ ನೋಡಿ
ಗಾಳಿ ಬಂದ ದಿಕ್ಕಿಗೆ ಡೇರೆಯ ಬೆನ್ನು ಕೊಟ್ಟ.
ಆ ಕಡೆಯ ಹಗ್ಗಗಳಿಗೆ ಗೂಟ ಬೇಡ ಎಂದ.
ಮರಳಿನಲ್ಲಿ ಗೂಟ ಕುಡುಕನ ಆಣೆಯಂತೆ, ಎಳೆದರೆ ಬರುತ್ತೆ.
ಅಕ್ಕಿಚೀಲಗಳಿಗೆ ಮರಳು ತುಂಬಿ, ಮೊಳದಾಳ ಹೂತು,
ಹಗ್ಗ ಅವುಗಳ ಸೊಂಟಕ್ಕೆ ಕಟ್ಟಿದೆವು.
'ಉದ್ದ ಬಿಡು. ಗಿಡ್ಡ ಹಗ್ಗ ಜಗಳಗಂಟಿ.'

ನಡುರಾತ್ರಿ ಗಾಳಿ ಮಗ್ಗುಲು ಬದಲಿಸಿತು.
ಡೇರೆಯ ಬಾಯಿಂದಲೇ ನುಗ್ಗಿ ಬಟ್ಟೆ ಉಬ್ಬಿಸಿತು,
ಕಂಬಗಳು ಹಲ್ಲು ಕಡಿದವು.
ಹಗ್ಗ ಬಿಗಿಯಲು ನಾನು ಹೊರಗೆ ಓಡಬೇಕು,
ಅಷ್ಟರಲ್ಲಿ ದೆದ್ದಾಹ್ ಕಂಬದ ಬುಡಕ್ಕೆ ಒದ್ದ.
ಹುಚ್ಚು ಹಿಡಿತಾ ನಿನಗೆ ಎಂದು ಕಿರುಚಿದೆ.
ಇನ್ನೊಂದಕ್ಕೂ ಒದ್ದ.
ಇಡೀ ಮನೆ ನಿಧಾನವಾಗಿ, ಕರುವಿನ ಮೇಲೆ ಕೂರುವ
ಹಸುವಿನಷ್ಟು ಎಚ್ಚರದಿಂದ, ನಮ್ಮ ಮೇಲೆ ಮಲಗಿತು.

ಅಂಚುಗಳ ಮೇಲೆ ನೀರಿನ ಕ್ಯಾನು, ಅಂಚುಗಳ ಮೇಲೆ ನಾವು.
ಮೂಗಿನ ಮೇಲೆ ಗೇಣು ಜಾಗ ಮಾಡಿಕೊಟ್ಟದ್ದು
ಅವನು ಎದೆಯ ಮೇಲೆ ಮಗುಚಿಟ್ಟ ಹಿಟ್ಟಿನ ಬೋಗುಣಿ.
ಮೇಲೆ ಮರಳು ಹರಿಯುತ್ತಿತ್ತು, ರೈಲಿನಷ್ಟು ಉದ್ದ.
'ಸಕ್ಕರೆ ಡಬ್ಬಿ ಮುಚ್ಚಿದೆಯಾ?' ಕೇಳಿದ.
ಮುಚ್ಚಿರಲಿಲ್ಲ.

ಬೆಳಿಗ್ಗೆ ಬರೆದೆ: ಗಾಳಿ, ಹೆಚ್ಚು. ಗಿಡ, ಒಣಗಿದೆ. ಮಿಡತೆ, ಇಲ್ಲ.
ಉಳಿದದ್ದಕ್ಕೆ ಆ ಕಾಗದದಲ್ಲಿ ಕಾಲಂ ಇಲ್ಲ.
ಡೇರೆ ಎದ್ದಿತು, ಒಂದು ಹೊಲಿಗೆಯೂ ಬಿಟ್ಟಿರಲಿಲ್ಲ.
ಗೂಟ ಎಣಿಸಿದೆವು. ಹನ್ನೊಂದು.
ಮತ್ತೆ ಎಣಿಸಿದೆವು.

ದೆದ್ದಾಹ್ ಮಂಡಿಯೂರಿ ಮರಳು ಸವರತೊಡಗಿದ,
ಕತ್ತಲಲ್ಲಿ ಬೆಂಕಿಪೊಟ್ಟಣ ಹುಡುಕುವವನ ಹಾಗೆ.
ಮಿಡತೆ ಹಿಡಿಯುವ ಸರ್ಕಾರಿ ಬಲೆ ತಂದು
ನಾನೂ ಜರಡಿ ಹಿಡಿದೆ, ಬಿಸಿಲು ನೆತ್ತಿಗೆ ಬರುವವರೆಗೆ.
ಒಂದು ಚಮಚ ಸಿಕ್ಕಿತು. ಯಾರದೋ, ನಮ್ಮದಲ್ಲ.

ಆ ಮೂಲೆಗೆ ಈಗ ಜಾಕಿಯ ಸಲಾಕೆ ಹೊಡೆದಿದ್ದೇವೆ.
ಗಟ್ಟಿಯಾಗಿದೆ, ದೂರುವಂತಿಲ್ಲ.
ದೆದ್ದಾಹ್ ಮಾತ್ರ ಆ ಕಡೆಗೆ
ಕಾಲು ಚಾಚಿ ಮಲಗುವುದಿಲ್ಲ.