ಚಾಲಗೇಣಿ

ಸೊಹಾರಿನ ಕೋರ್ಟಿನಲ್ಲಿ ನನ್ನ ಕೆಲಸ
ಎರಡು ಭಾಷೆಯ ನಡುವಿನ ತೋಡಿಗೆ ಅಡ್ಡ ಹಲಗೆ ಇಡುವುದು.
ದಾಟುವವರು ದಾಟುತ್ತಾರೆ.
ಹಲಗೆಗೆ ಗಂಟೆ ಲೆಕ್ಕದಲ್ಲಿ ದುಡ್ಡು.

ಇವತ್ತು ದಾಟಬೇಕಾದವರು ಹಮ್ಮಬ್ಬ.
ಊರು ಪಕ್ಷಿಕೆರೆ; ಸಹಮ್‌ನ ಕಡಲ ಬದಿಯ ತೋಟದಲ್ಲಿ
ಒಂಬತ್ತು ವರ್ಷ ಬಸಳೆ, ಹರಿವೆ, ಮುಳ್ಳುಸೌತೆ ಬೆಳೆದವರು.
ಬಂದರಿನ ಮೆಸ್ಸಿನಲ್ಲಿ ನಾನು ತಿಂದ ಬಸಳೆ
ಇವರದ್ದೇ ಇರಬೇಕು.
ಹೇಳುವಂತಿಲ್ಲ. ನಾನು ಹಲಗೆ.

"ಈಜಾರ್ ಎಷ್ಟು?" ಕೇಳಿದರು ನ್ಯಾಯಾಧೀಶರು.
ನಾನು ಬಾಯಿ ತೆರೆಯುವ ಮೊದಲೇ
ಹಮ್ಮಬ್ಬರ ಕೈ ಸೊಂಟಕ್ಕೆ ಹೋಯಿತು.
"ಇಜಾರು ನನ್ನದಲ್ಲ ಮಗಳೇ, ಅಳಿಯನದ್ದು.
ಲುಂಗಿ ಉಟ್ಟು ಬರಬಾರದು ಅಂದರು."
ಇದನ್ನೂ ಅನುವಾದಿಸಬೇಕೆ?
ಹೇಳಿದ್ದೆಲ್ಲ ಹೇಳುತ್ತೇನೆಂದು ಪ್ರಮಾಣ ಮಾಡಿದ್ದೇನೆ. ಹೇಳಿದೆ.
ಗುಮಾಸ್ತ ಬರೆದುಕೊಂಡ:
ಪ್ರತಿವಾದಿಗೆ ಪ್ರಶ್ನೆ ಅರ್ಥವಾಗಿಲ್ಲ.

ಬಾಡಿಗೆ, ಎಂದೆ. ಕರಾರು, ಎಂದೆ. ಕಾಗದ.
ಅವರು ನಕ್ಕರು, ಹಲ್ಲಿಲ್ಲದ ಕಡೆಯಿಂದ.
"ಕಾಗದ ಎಲ್ಲಿಂದ? ಖಲ್ಫಾನಜ್ಜ ಊರುಗೋಲಲ್ಲಿ ತೋರಿಸಿದ್ದು,
ಈ ಗಾಫ್ ಮರದಿಂದ ಆ ಹಾಳುಬಾವಿಯವರೆಗೆ.
ನೀರೆತ್ತು, ನೆಡು, ಉಣ್ಣು.
ಗುರುವಾರಕ್ಕೊಮ್ಮೆ ನನ್ನ ಆಡುಗಳಿಗೆ ಎರಡು ಹೊರೆ ಜತ್ ಹುಲ್ಲು.
ನಮ್ಮ ಕಡೆ ಹೇಳುವುದಿಲ್ಲವಾ, ಚಾಲಗೇಣಿ. ಅದು."

ಚಾಲಗೇಣಿ.
ನನ್ನ ಅರಬಿ ಅಲ್ಲಿಗೆ ನಿಂತಿತು.
ಇರಿಸಿಕೊಂಡರೆ ಉಂಟು, ಎಬ್ಬಿಸಿದರೆ ಇಲ್ಲ.
ಇದೊಂದು ಶಬ್ದ ಹಿಡಿದು ಡಿಕ್ಲರೇಶನ್ ಕೊಟ್ಟ ನನ್ನಜ್ಜ
ಕಾರ್ಕಳದ ಟ್ರಿಬ್ಯೂನಲ್ಲಿಗೆ ಮೂರು ಜೊತೆ ಚಪ್ಪಲಿ ಸವೆಸಿದ್ದ.
ಗೇಣಿಚೀಟು ಇದ್ದವನಿಗೆ ಗದ್ದೆ,
ಇಲ್ಲದವನಿಗೆ ಸಾಕ್ಷಿ ಹುಡುಕುವ ಬೇಸಾಯ.
"ಒಪ್ಪಂದವಿಲ್ಲದ ಬಾಡಿಗೆ" ಎಂದೆ ಕೊನೆಗೆ.
ಸರಿಯಾಗಲಿಲ್ಲ. ಗೊತ್ತು.

ಮಗ ಹಿಲಾಲ್, ಮಸ್ಕತ್ತಿನ ಬ್ಯಾಂಕಿನವನು,
ಇಸ್ತ್ರಿಯ ಗೆರೆ ಮುರಿಯದ ದಿಶ್‌ದಾಶ,
ಲೆಕ್ಕ ಕೊಟ್ಟಿದ್ದಾನೆ: ಒಂಬತ್ತು ವರ್ಷ,
ಅಕ್ಕಪಕ್ಕದ ತೋಟಗಳ ದರದಲ್ಲಿ.
ಕರಾರಿಲ್ಲದಿದ್ದರೂ ನೆಲ ಬಳಸಿದವನು ತೆರಬೇಕಾದ್ದು.
ಬಾವಿ ಉಪ್ಪಾದದ್ದಕ್ಕೆ ಬೇರೆ.
ಉಪ್ಪು ಮಾಡಿದ್ದು ಕಡಲು.
ಅದಕ್ಕೆ ಸಮನ್ಸ್ ಹೋಗಿಲ್ಲ.

ತಜ್ಞರ ವರದಿ ಓದಿದರು.
ಅಳತೆ, ನಕ್ಷೆ. ಲಿಂಬೆ ಗಿಡ ಹದಿನೇಳು, ಜೀವಂತ ಹನ್ನೊಂದು.
ಪಂಪುಮನೆಯ ಒಳಗೋಡೆಯಲ್ಲಿ ಇದ್ದಿಲ ಗೀಟು,
ನಾನೂರ ಮೂವತ್ತೆಂಟು.
ಎಳೆದವರು ಯಾರೆಂದು ತಿಳಿಯದು.

"ತಂದೆಯ ಕೈಬರಹವೇ?"
"ತಂದೆಗೆ ಬರೆಯಲು ಬರುತ್ತಿರಲಿಲ್ಲ," ಎಂದ ಹಿಲಾಲ್.
ಬೇಗ ಹೇಳಿದ. ಆಮೇಲೆ ಫೈಲಿನ ದಾರವನ್ನು
ಬೆರಳಿಗೆ ಸುತ್ತಿದ, ಬಿಚ್ಚಿದ, ಸುತ್ತಿದ.
"ಗೀಟು ಬರುತ್ತಿತ್ತು," ಎಂದರು ಹಮ್ಮಬ್ಬ,
ಯಾರೂ ಕೇಳದಿದ್ದರೂ.
ಅದನ್ನೂ ದಾಟಿಸಿದೆ.

ಮುಂದಿನ ತಾರೀಕು ರಂಜಾನ್ ಕಳೆದು ಹತ್ತನೆಯ ದಿನ.

ಹೊರಗೆ, ನೀರಿನ ಯಂತ್ರದ ಬಳಿ,
ಒಂದೇ ಲೋಟಕ್ಕೆ ಇಬ್ಬರೂ ಕೈ ಚಾಚಿ ಹಿಂದೆಗೆದರು.
ಹಿಲಾಲನೇ ಮೊದಲು ಮಾತಾಡಿದ.
ಆಡುಗಳು ಮೇವು ಮೂಸಿ ಬಿಡುತ್ತಿವೆ, ಸೊರಗಿವೆ,
ಹುಲ್ಲಿಗೆ ನೀನು ಏನು ಬೆರೆಸುತ್ತಿದ್ದೆ?
ಹಮ್ಮಬ್ಬ ತಮ್ಮ ಮುರುಕು ಅರಬಿಯಲ್ಲಿ, ಕೈಯಲ್ಲೇ ಹೆಚ್ಚು,
ಒಂದು ಬಿಸಿಲು ಒಣಗಿಸು, ಎಂದರು,
ಒಣ ಭೂತಾಯಿ ಕುಟ್ಟಿ ಒಂದು ಹಿಡಿ,
ಇಷ್ಟು, ಇಷ್ಟಲ್ಲ, ಇಷ್ಟು.

ನಾನು ಹತ್ತಿರ ಹೋದೆ, ಅಭ್ಯಾಸ.
ಇಬ್ಬರೂ ತಿರುಗಿ ನೋಡಿದರು,
ನಿನಗೇನು ಬೇಕು ಎಂಬಂತೆ.