ಮುಚ್ಚಳ ತೆಗೆಯಬಾರದು

ಸೀಟಿ ಹೊಡೆಯುವ ಕುಕ್ಕರಲ್ಲ ಇದು.
ಕೂಗಿ ಕರೆಯುವುದಿಲ್ಲ, ಉಗಿ ಉಗುಳುವುದಿಲ್ಲ,
ಕಾಯುವುದೊಂದೇ ಗೊತ್ತು.
ಸೇಂಟ್ ಹೆಲೆನಾ ದ್ವೀಪದ ಚರ್ಚಿನ ಅಂಗಳದಲ್ಲಿ
ಹಳೇ ಸಾಮಾನಿನ ರಾಶಿಯಿಂದ
ನಾಲ್ಕು ಡಾಲರಿಗೆ ವರ್ಡೆಲ್ ಎತ್ತಿಕೊಂಡು ಬಂದದ್ದು.
ಮುಚ್ಚಳದ ಹಿಡಿ ಮುರಿದಿತ್ತು;
ಗಂಡ ಹಾರ್ಮನ್ ಬಲೆಯ ಬೆಂಡೊಂದನ್ನು
ಅಲ್ಲಿಗೆ ಬಿಗಿದು ಕೊಟ್ಟ.

ರಾತ್ರಿ ಒಂಬತ್ತೂವರೆ.
ಆಸ್ಪತ್ರೆಯ ಲಾಂಡ್ರಿಯಲ್ಲಿ ಅವಳ ಪಾಳಿ ಹತ್ತೂವರೆಗೆ.
ಬಿಳಿ ಮೆಕ್ಕೆಜೋಳದ ನುಚ್ಚನ್ನು ನೀರಿಗೆ ಸುರಿದು
ತೇಲಿಬಂದ ಹೊಟ್ಟನ್ನು ಬೆರಳಲ್ಲಿ ಬಾಚಿ ಚೆಲ್ಲಿ,
ಪಾತ್ರೆಯ ಒಳಮೈಗೆ ಬೆಣ್ಣೆ ಸವರಿ,
ಒಂದಕ್ಕೆ ಐದು ನೀರು, ಉಪ್ಪು.
ಗುಂಡಿ ತಿರುಗಿಸಿದಳು. ಪುಟ್ಟ ಕೆಂಪು ದೀಪ ಹತ್ತಿತು.

ಕುರ್ಚಿಯಿಂದಲೇ ಅತ್ತೆ ಅಲೀಥಿಯಾ:
“ಕೈಯಾಡಿಸದ ನುಚ್ಚು, ಗದರಿಸದ ಮಗು,
ಎರಡೂ ತಳ ಹಿಡಿಯುತ್ತವೆ. ನೋಡ್ತಾ ಇರು.”

“ಇದಕ್ಕೆ ಕೈಯಾಡಿಸೋದು ಬೇಡ, ಮಿಸ್ ಅಲೀಥಿಯಾ.
ಮುಚ್ಚಳ ತೆಗೆದರೆ ಕಾವು ಹೋಗುತ್ತೆ. ತೆಗೀಬೇಡಿ.”

“ನಾನ್ಯಾಕೆ ತೆಗೀಲಿ? ನನಗೇನು ಬೇರೆ ಕೆಲಸವಿಲ್ಲವಾ?”

ಇರಲಿಲ್ಲ.
ನಲವತ್ತು ವರ್ಷ ದಕ್ಕೆಯ ಶೆಡ್ಡಿನಲ್ಲಿ ನಿಂತು
ಎರಡೂ ಕೈಯಲ್ಲಿ ಒಟ್ಟಿಗೇ ಸಿಗಡಿಯ ತಲೆ ಚಿವುಟಿದವಳು.
ಶೆಡ್ಡಿದ್ದ ಜಾಗದಲ್ಲಿ ಈಗ ಪ್ರವಾಸಿಗರ ಕಾರು ನಿಲ್ಲುತ್ತವೆ.
ಆ ಕೈಗಳು ಮಡಿಲಲ್ಲಿ
ಯಾರೋ ಮರೆತುಹೋದ ಕೈಚೀಲದ ಹಾಗೆ.

ಮೊದಲ ಬೆಳಿಗ್ಗೆ ನುಚ್ಚು ಹಲ್ಲಿಗೆ ಸಿಕ್ಕಿತು.
ಎರಡನೆಯ ದಿನ ನೀರು ಹೆಚ್ಚಿಸಿದಳು. ಹಸಿಹಸಿ.
ಮೂರನೆಯ ದಿನ ಬೇರೆ ಗೋಡೆಯ ಪ್ಲಗ್ಗು.
“ನಾಲ್ಕು ಡಾಲರಿನ ಮಾಲು,” ಅಂದ ಹಾರ್ಮನ್, ಅಗಿಯುತ್ತ.
ಅತ್ತೆ ಏನೂ ಅನ್ನಲಿಲ್ಲ.
ಅದೇ ವಿಚಿತ್ರ.

ನಾಲ್ಕನೆಯ ರಾತ್ರಿ ಲಾಂಡ್ರಿಯ ಬಾಯ್ಲರ್ ಕೆಟ್ಟು
ಎರಡು ಗಂಟೆಗೇ ಮನೆಗೆ ಬಂದವಳು
ಹಿಂಬಾಗಿಲ ಜಾಲರಿಯ ಆಚೆ ನಿಂತುಬಿಟ್ಟಳು.

ಒಳಗೆ ದೀಪವಿಲ್ಲ, ಆ ಕೆಂಪು ಚುಕ್ಕೆಯೊಂದೇ.
ರಾತ್ರಿಯ ನಿಲುವಂಗಿಯಲ್ಲಿ ಮುದುಕಿ,
ಎಡಗೈಯಲ್ಲಿ ಮುಚ್ಚಳ, ಬಲಗೈಯಲ್ಲಿ ಮರದ ಸೌಟು,
ನಿಧಾನ, ತಳ ಮುಟ್ಟಿ, ಅಂಚು ಬಳಸಿ,
ಒಂದು ಸುತ್ತು, ಇನ್ನೊಂದು ಸುತ್ತು.
ನುಚ್ಚನ್ನೇ ಗದರುತ್ತಿದ್ದಾಳೆ ಪಿಸುದನಿಯಲ್ಲಿ:
“ಏಳು. ಮೂಲೇಲಿ ಯಾಕೆ ಕೂತೆ? ಏಳು ಮತ್ತೆ.”
ಕೈ ನಡುಗುತ್ತಿರಲಿಲ್ಲ.
ಊಟದ ಚಮಚ ಹಿಡಿದರೆ ನಡುಗುವ ಕೈ.

ಅಳಿವೆಯ ಕೆಸರಿನ ವಾಸನೆ, ಸೊಳ್ಳೆ.
ವರ್ಡೆಲ್ ಮೆಟ್ಟಿಲಿಳಿದು ಹೋಗಿ
ಸದ್ದಾಗದಂತೆ ಕಾರಿನ ಬಾಗಿಲು ಎಳೆದುಕೊಂಡು
ಬೆಳಗಿನವರೆಗೆ ಅಲ್ಲೇ ಕೂತಳು.
ಸ್ವಲ್ಪ ನಿದ್ದೆಯೂ ಬಂತು.

ಈಗೀಗ ಅವಳು ಸಂಜೆ ಏಳಕ್ಕೇ ಗುಂಡಿ ತಿರುಗಿಸುತ್ತಾಳೆ,
ಕದ್ದುಹೋಗುವ ಕಾವಿಗೆಂದು ಎರಡೂವರೆ ತಾಸು ಜಾಸ್ತಿ.
ಸೌಟು ತೊಳೆದು ಪಾತ್ರೆಯ ಪಕ್ಕದಲ್ಲೇ ಇಡುತ್ತಾಳೆ.
ಮುಚ್ಚಳ ತೆಗೀಬೇಡಿ ಎಂದು ಹೇಳುವುದನ್ನು ಮಾತ್ರ ಬಿಟ್ಟಿಲ್ಲ.

ಇಳಿತದ ಹೊತ್ತಿಗೆ ಬಲೆ ಬೀಸಿ ಹಾರ್ಮನ್ ಬರುತ್ತಾನೆ,
ಬಕೆಟ್ಟಿನಲ್ಲಿ ಇನ್ನೂ ಚಿಮ್ಮುವ ಬೂದು ಸಿಗಡಿ.
ಹಂದಿಕೊಬ್ಬಿನಲ್ಲಿ ಈರುಳ್ಳಿ ಕಂದಿಸಿ, ಹಿಟ್ಟು ಹುರಿದು
ಕಂದು ಗೊಜ್ಜು ಮಾಡಿಕೊಂಡು,
ಸಿಗಡಿ ಕೊಟ್ಟಕೊನೆಗೆ, ಕಣ್ಣೆವೆ ಇಕ್ಕದೆ:
೧ ಎಂದು ಬಾಗಿದರೆ ಹದ,
೦ ಆಯಿತೋ, ರಬ್ಬರು.

ಅಲೀಥಿಯಾ ಒಂದು ತುತ್ತು ತಿಂದು, ಕಿಟಕಿಯ ಕಡೆ ನೋಡುತ್ತ,
“ಪರವಾಗಿಲ್ಲ ನಿನ್ನ ಮಿಷನ್ನು,” ಅಂದಳು.
ಗಲ್ಲದ ಕೆಳಗೆ, ಅಂಗಿಯ ಕಾಲರಿಗೆ
ಒಣಗಿದ ನುಚ್ಚಿನ ಒಂದು ಕಾಳು.

“ಹೌದು,” ಅಂದಳು ವರ್ಡೆಲ್, ಬೆಣ್ಣೆ ಮುಂದೆ ಸರಿಸುತ್ತ,
“ಅದರ ಕೈಗುಣ ಒಳ್ಳೇದು.”