ಸಾಲದ ಮೂಗು

ಕಳೆದ ಜೂನಿನ ಜ್ವರ ಗಲೀಮಾ ಆಂಟಿಯ ಮೂಗನ್ನು
ಹೊತ್ತುಕೊಂಡು ಹೋದದ್ದು ವಾಪಸು ತರಲಿಲ್ಲ.
ಕಾಫಿ ಬರೀ ಬಿಸಿ, ಮಲ್ಲಿಗೆ ಬರೀ ಬಿಳುಪು.
ಗ್ಯಾಸು ಸೋರಿದರೂ ತಿಳಿಯದು ಎಂದು
ಮಗಳು ಮೈಮೂನಾ ಒಲೆಯನ್ನೇ ಕೀಳಿಸುವ ಮಾತಾಡಿದ್ದಾಳೆ.
ಇವತ್ತು ಸಂಜೆ ಬರುತ್ತಾಳೆ.

ಅದಕ್ಕೇ ಇರಬೇಕು, ರಾಕಿಂಗ್‌ಹ್ಯಾಮಿನಲ್ಲಿ ನಲವತ್ತೊಂದು ಡಿಗ್ರಿ,
ಕಾಗೆಗಳೂ ಬಾಯಿ ಕಳೆದು ಕೂತಿರುವ ಮಧ್ಯಾಹ್ನ
ಅವನ್ ಹೊತ್ತಿಸಿಟ್ಟು
ಹಿತ್ತಲ ಕೋಣೆಯ ಬಾಡಿಗೆಯವನ ಬಾಗಿಲು ಬಡಿದಳು:
"ಬಂದರಿನ ರಾತ್ರಿಪಾಳಿ ಮುಗಿಸಿ ಮಲಗಿದ್ದೀಯ, ಗೊತ್ತು.
ಎದ್ದು ಬಾ. ಒಂದು ಗಂಟೆ ನಿನ್ನ ಮೂಗು ಬೇಕು.
ಬೊಬೋಟಿ ಮಾಡಬೇಕು."

ಬೋಟಿ ಎಂದರೆ ನಮ್ಮ ಕಡೆ ಕುರಿಯ ಕರುಳು.
ಕಣ್ಣುಜ್ಜುತ್ತ ಹೋದೆ, ತೊಳೆಯಲು ಸುಣ್ಣ ಇದೆಯೋ ಇಲ್ಲವೋ ಅಂತ.
ಕರುಳಲ್ಲ, ಕೈಮ.

ಬಾಣಲೆಯಲ್ಲಿ ಈರುಳ್ಳಿ.
ಅವಳಿಗೆ ಅದು ಕಿವಿಯಲ್ಲಿ ಬೇಯುತ್ತದೆ:
ಚೊರ್ ಅಂದರೆ ಹಸಿ, ಪಿಸುಗುಟ್ಟಿದರೆ ಹದ,
ಸುಮ್ಮನಾಯಿತೋ, ಸೀದಿತು.
ಆಮೇಲೆ ಅರಿಸಿನ, ಅವಳ ಕೇಪಿನ ಬಾಯಲ್ಲಿ ಬೋರಿ,
ಜೀರಿಗೆ, ಧನಿಯ, ಲವಂಗ ಇಷ್ಟೇ ಇಷ್ಟು.
"ಈಗ?"
"ಹಸಿವಾಸನೆ ಇದೆ."
"ಈಗ?"
"ಇನ್ನೊಂದು ಚೂರು."
"ಈಗ?"
"ಹೋಯಿತು." ಕೈಮ ಬಿತ್ತು.

ನಾನು ಬಲ್ಲ ಕೈಮ ಬೇರೆ.
ಮಳವಳ್ಳಿಯಲ್ಲಿ ನಮ್ಮ ದೊಡ್ಡವ್ವ ಒರಳಲ್ಲಿ ರುಬ್ಬಿ
ಹುರಿಗಡಲೆ, ಕಾಯಿ ಸೇರಿಸಿ ಉಂಡೆ ಕಟ್ಟಿ
ಸಾರಲ್ಲಿ ಒಡೆಯದಿರಲೆಂದು ಬಾಳೆನಾರು ಸುತ್ತುತ್ತಿದ್ದಳು.
ಉಣ್ಣುವಾಗ ನಾರಿನ ತುದಿ ಹುಡುಕುವುದೇ ಒಂದು ಕೆಲಸ,
ಒದೆಯುವ ಕೂಸಿನ ಉಡಿದಾರ ಬಿಚ್ಚಿದ ಹಾಗೆ.
ಇಲ್ಲಿ ಹಾಲಲ್ಲಿ ನೆನೆದ ಬ್ರೆಡ್ಡು, ಒಣದ್ರಾಕ್ಷಿ,
ಶಿವನೇ, ಏಪ್ರಿಕಾಟ್ ಜಾಮು!
ಬಾಡಿಗೆ ಜಾಮು ಹಾಕುವುದ ಕಂಡಿದ್ದರೆ ದೊಡ್ಡವ್ವ
ಗದ್ದೆಬದುವಿನ ಸಮಾಧಿಯಿಂದ ಸೌಟು ಹಿಡಿದೇ ಎದ್ದು ಬರುತ್ತಿದ್ದಳು.

ಚಮಚ ಚಾಚಿದಳು, ಕೆಳಗೆ ಇನ್ನೊಂದು ಕೈಯೊಡ್ಡಿ.
"ನಮ್ಮಮ್ಮ ಮಾಡಿದ ಹಾಗಿದೆಯಾ?"

ಕಾಣದ ಊರು, ಕಾಣದ ತಾಯಿ.
ಯಾವ ಸೇರಿನಿಂದ ಅಳೆಯಲಿ?
ಹೌದು ಅನ್ನುವುದಕ್ಕೆ ಕಾಸೇನೂ ಬೇಕಿರಲಿಲ್ಲ.
ಆದರೆ ನಾಲಿಗೆ, ಹಟಮಾರಿ, ತನ್ನೂರ ಕಡೆಗೇ ತಿರುಗಿ
"ಹುಳಿ ಸಾಲದು," ಅಂದಿತು.
"ನಿಂಬೆ ಹಿಂಡಿದ್ದೇನಲ್ಲ?"
"ನಿಂಬೆಯಲ್ಲ. ಹುಣಸೆ."

ಬಹಳ ಹೊತ್ತು ಸುಮ್ಮನೆ ನಿಂತಳು.
"ಅಮ್ಮ ಹಾಕುತ್ತಿದ್ದಳಾ?" ನನ್ನನ್ನೇ ಕೇಳಿದಳು.
"ಹಾಕುತ್ತಿದ್ದಳೇನೋ. ಕೈಮೇಲೆ ಕಪ್ಪು ಏನೋ ಅಂಟಿರುತ್ತಿತ್ತು.
ಮೂಗು ಹೋದಾಗ ಅದೂ ಜೊತೆಗೆ ಹೋಯಿತೋ,
ಮೊದಲೇ ಮರೆತಿದ್ದೆನೋ..."
ಸ್ಟೂಲು ಹತ್ತಿ ಮೇಲಿನ ಗೂಡಿಂದ ಒಂದು ಹಳೆಯ ಗಟ್ಟಿ ತೆಗೆದಳು,
ಯಾರೋ ತಂದುಕೊಟ್ಟದ್ದು, ಮೂಲೆ ಇಲಿ ಕಚ್ಚಿದ್ದು.
"ಕಿವುಚು," ಅಂದಳು.
ಕಿವುಚಿದೆ.

ಮೊಟ್ಟೆಹಾಲು ಸುರಿದು, ಹಿತ್ತಲ ನಿಂಬೆಗಿಡದ ಎಲೆಗಳನ್ನು
ಸುರುಳಿ ಮಾಡಿ ನೆಟ್ಟಗೆ ಚುಚ್ಚಿದಳು,
ನೀರು ನಿಂತ ಗದ್ದೆಯಲ್ಲಿ ನಾಟಿ ಹಾಕಿದ ಹಾಗೆ, ಸಾಲು ತಪ್ಪದೆ.
ನಲವತ್ತು ನಿಮಿಷ ಇಬ್ಬರೂ ಬೆವರುತ್ತ
ಅವನ್ನಿನ ಗಾಜಿನ ಮುಂದೆ ಕೂತೆವು.

ನಾಲ್ಕಕ್ಕೆ ಕಡಲಗಾಳಿ ಎದ್ದಿತು. ಈ ಕಡೆ ಜನ
ಅದಕ್ಕೆ ಡಾಕ್ಟರ್ ಅನ್ನುತ್ತಾರೆ.
ಸೊಳ್ಳೆಪರದೆ ತೂರಿ ಒಳಬಂದು, ಮನೆಯೆಲ್ಲ ಮುಟ್ಟಿ ನೋಡಿ
ವಾಸನೆಯನ್ನು ಬೀದಿಗೆ ಹೊತ್ತೊಯ್ದಿತು.
ಕಾರಿನ ಬಾಗಿಲು ಬಡಿದ ಸದ್ದು.

ಮೈಮೂನಾ ಬೈಯುವುದಕ್ಕೇ ಬಾಯಿ ತೆರೆದು ಬಂದವಳು
ಹೊಸಿಲಲ್ಲಿ ನಿಂತಳು. ಮೂಗಿನ ಹೊಳ್ಳೆ ಅರಳಿತು.
ಬೀಗದ ಕೈ ಎಲ್ಲಿಡಬೇಕೆಂದು ತೋಚದೆ
ಸುಮ್ಮನೆ ಹಿಡಿದುಕೊಂಡೇ ಇದ್ದಳು.

ಗಲೀಮಾ ಆಂಟಿ ಮಗಳ ಮುಖವನ್ನೇ
ಅಕ್ಷರ ಕೂಡಿಸಿ ಓದುವವರ ಹಾಗೆ ನೋಡಿದಳು.
ನನ್ನನ್ನು ಮತ್ತೇನೂ ಕೇಳಲಿಲ್ಲ.

ಕೋಣೆಗೆ ಬಂದು ಬಿದ್ದುಕೊಂಡೆ.
ಕೈಯಲ್ಲಿ ಹುಣಸೆ, ದಿಂಬಿನಲ್ಲೂ ಅದೇ.
ನಿದ್ದೆ ಎಲ್ಲಿಂದ ಬರಬೇಕು,
ಜಾಮು ಹಾಕಿದ್ದಾದರೂ ನಾನು ಎರಡು ತುಂಡು ತಿನ್ನಲಿದ್ದೇನೆ.